ಪರದೆಗೆ ಬೆನ್ನು ಹಾಕಿದ ಕ್ಯಾಮೆರಾ

ಗಂಡ ನಗುತ್ತಿದ್ದ. ಪಕ್ಕದಲ್ಲಿ ಯಾರೋ ಹುಡುಗಿ, ಅವನ ಅರ್ಧ ವಯಸ್ಸಿನವಳು.

ಕತ್ತರಿಯಮ್ಮ ಚಿತ್ರವನ್ನು ಹಿಂದಕ್ಕೆ ತಿರುಗಿಸಿ ಮತ್ತೆ ನೋಡಿದಳು. ಅವನೇ. ತಾನೇ ಗುಂಡಿ ಹೊಲಿದುಕೊಟ್ಟ ಅಂಗಿ.

ಸಿನಿಮಾಗಳ ಸಂಕಲನ ಮಾಡಿ ಮಾಡಿ ಬಂದ ಅಡ್ಡಹೆಸರು ಕತ್ತರಿಯಮ್ಮ. ಧ್ವನಿ ಕೂಡಿಸುವ ಮೊದಲು ಎಲ್ಲವನ್ನೂ ಒಮ್ಮೆ ಮೂಕವಾಗಿ ನೋಡುವುದು ಅವಳ ರೂಢಿ. ಬಾಯಿ ಸುಳ್ಳಾಡುತ್ತದೆ, ಮುಖ ಆಡುವುದಿಲ್ಲ ಎನ್ನುತ್ತಿದ್ದಳು.

ಅದು ಅವಳ ಗಂಡನೆಂದು ಹಿಂದೆ ನಿಂತಿದ್ದ ನಿರ್ದೇಶಕನಿಗೆ ಗೊತ್ತಿಲ್ಲ. ಸಿನಿಮಾ ಅಂದರೇನು ಎಂದು ಕೇಳುವ ಸಾಕ್ಷ್ಯಚಿತ್ರ ಅವನದು. ಅದರಲ್ಲಿ ಪರದೆಯನ್ನೇ ತೋರಿಸುವುದಿಲ್ಲ. ಕತ್ತಲಲ್ಲಿ ಕೂತು ನೋಡುವವರ ಮುಖಗಳಷ್ಟೇ. ಅವಳೇ ಸಂಕಲನ ಮಾಡಿದ ಹೊಸ ಚಿತ್ರದ ಮಧ್ಯಾಹ್ನದ ಆಟದಲ್ಲಿ ಇದನ್ನು ತೆಗೆದಿದ್ದ.

"ಈ ಜೋಡಿ ನೋಡಿ ಮೇಡಂ. ಇಡೀ ಆಟ ಹೀಗೇ ಅಂಟ್ಕೊಂಡು ಕೂತಿದ್ರು."

"ಸಿನಿಮಾ ನೋಡೋಕೆ ಬಂದ ಹಾಗಿಲ್ಲ ಬಿಡಿ."

ಮುಖಗಳ ಮೇಲಿನ ಬೆಳಕಿನಲ್ಲೇ ಯಾವ ದೃಶ್ಯವೆಂದು ಅವಳಿಗೆ ತಿಳಿಯುತ್ತಿತ್ತು. ನಗಿಸುವ ದೃಶ್ಯ ಬಂತು. ಜನ ನಕ್ಕು ಸುಮ್ಮನಾದರು. ಹುಡುಗಿ ಅವನ ಕಿವಿಯಲ್ಲಿ ಏನೋ ಉಸುರಿದಳು. ಆಮೇಲೆ ಅವನು ನಕ್ಕ.

ಈಚೆಗೆ ಮನೆಯಲ್ಲಿ ಅವನು ಮುಖ ಕೊಟ್ಟು ಮಾತಾಡುತ್ತಿರಲಿಲ್ಲ. ಸೊಂಟನೋವೆಂದು ಸ್ಕೂಟರ್ ಮಾರಿದ್ದ. "ನಿನ್ನ ಸಿನಿಮಾ ಆಮೇಲೆ ನೋಡ್ತೀನಿ ಕಣೇ, ಆಫೀಸಲ್ಲಿ ಉಸಿರಾಡೋಕೂ ಬಿಡ್ತಿಲ್ಲ" ಎಂದು ಮೊದಲ ಪ್ರದರ್ಶನದಿಂದಲೂ ತಪ್ಪಿಸಿಕೊಂಡಿದ್ದ.

ಆಟ ಮುಗಿಯಿತು. ಎಲ್ಲರೂ ಎದ್ದರು. ಅವರಿಬ್ಬರು ಏಳಲಿಲ್ಲ. ಖಾಲಿ ಕುರ್ಚಿಗಳ ನಡುವೆ ಹುಡುಗಿ ಅವನ ತೋಳು ಹಿಡಿದಳು. ಅವನ ಕಣ್ಣು ತುಂಬಿತ್ತು.

ಕತ್ತರಿಯಮ್ಮ ಹೊರಗೆ ಬಂದು ತಮ್ಮನಿಗೆ ಫೋನ್ ಮಾಡಿದಳು. "ಸಂಜೆ ಗಾಡಿ ತಗೊಂಡು ಬಾ. ನನ್ನ ಸಾಮಾನೆಲ್ಲ ನಿಮ್ಮನೆಗೆ ಸಾಗಿಸ್ಬೇಕು."

"ಅಯ್ಯೋ, ಭಾವ ಏನಂದ್ರಕ್ಕಾ?"

"ನಿಮ್ಮ ಭಾವ ಏನೂ ಅನ್ನಲ್ಲ. ಅದೇ ತೊಂದರೆ."

ಒಳಗೆ ಬಂದಾಗ ನಿರ್ದೇಶಕ ಕಾಯುತ್ತಿದ್ದ. "ಇನ್ನು ಸೌಂಡ್ ಕೂಡಿಸೋಣ್ವಾ ಮೇಡಂ? ಕುರ್ಚಿಗಳ ಸಾಲಲ್ಲೆಲ್ಲ ಮೈಕ್ ಇಟ್ಟಿದ್ದೆ."

ಬೇಡವೆನ್ನಲು ಕಾರಣ ಸಿಗಲಿಲ್ಲ. ಗುಂಡಿ ಒತ್ತಿದಳು. ಕುರ್ಚಿಗಳು ಮಡಚಿಕೊಳ್ಳುವ ಸದ್ದು. ಅದರ ನಡುವೆ ಗಂಡನ ದನಿ.

"ಹೆಸರುಗಳು ಶುರುವಾದ್ವಾ ಪುಟ್ಟಾ? ನನ್ನ ಕಣ್ಣಿಗೆ ಇವತ್ತೂ ಬರೀ ಮಂಜು."

"ತಡೀರಿ ಅಂಕಲ್... ಹಾಂ, ಬಂತು. ಸಂಕಲನ ಅಂತಿದೆ, ಅದರ ಕೆಳಗೆ ಆಂಟಿ ಹೆಸರು."