ನೀಲವ್ವನ ಮನೆಯ ಫೈಲು

ಧಾರವಾಡದಲ್ಲಿ ಕಸೂತಿ ಹಾಕುವ ಪಾರವ್ವನ ಎರಡೂ ಕಣ್ಣು ಕೃತಕ, ಕಂಪ್ಯೂಟರಿನಿಂದ ನಡೆಯುವ ಸ್ಕ್ಯಾನರಿನವು. ಬೆಳಿಗ್ಗೆ ಮನೆಯ ಕಂಪ್ಯೂಟರಿಗೆ ಹೊಸ ಆಪರೇಟಿಂಗ್ ಸಿಸ್ಟಮ್ ಹಾಕಿದ್ದೇ ತಡ, ಕಣ್ಣನ್ನು ನಡೆಸುವ ಹಳೆಯ ಡ್ರೈವರ್ ಫೈಲು ಅಳಿಸಿಹೋಗಿ ಅವಳಿಗೆ ಪೂರ್ತಿ ಕತ್ತಲಾಯಿತು.

“ಆ ಹಳೇ ಫೈಲು ಈಗ ಸಿಗೂದಿಲ್ಲಂತ, ಹೊಸಾ ಕಣ್ಣ ಹಾಕಿಸ್ಕೋರಿ ಅಂತಾರ ಕಂಪನಿಯವ್ರು,” ಎಂದಳು ಸೊಸೆ ಕಸ್ತೂರಿ.

“ಯಾಕ? ಎದುರುಮನಿ ನೀಲವ್ವಂದೂ ಇದ ಮಾಡೆಲ್ಲು. ಆ ಫೈಲು ಕೇಳ್ಕೊಂಡು ಬಾ.”

“ಅವರ ಜೋಡಿ ನೀವು ಮಾತು ಬಿಟ್ಟು ಎಷ್ಟೋ ವರ್ಷ ಆತಲ್ರಿ, ಅತ್ತಿ.”

“ಕೊಡ್ತಾಳ, ಹೋಗು.”

ಪೆನ್‌ಡ್ರೈವ್ ಹಿಡಿದುಕೊಂಡು ನೀಲವ್ವ ತಾನೇ ಬಂದಳು. ಕಸ್ತೂರಿ ಫೈಲನ್ನು ಕಾಪಿ ಮಾಡಿ ಕಂಪ್ಯೂಟರನ್ನು ಮತ್ತೆ ಚಾಲೂ ಮಾಡಿದಳು. ಕತ್ತಲು ಮೆಲ್ಲಗೆ ತಿಳಿಯಾಗಿ, ಪಾರವ್ವನಿಗೆ ಮೊದಲು ಕಂಡದ್ದು ಎದುರಿಗೆ ನಿಂತ ನೀಲವ್ವನ ಮುಖ.

“ಎಷ್ಟ ಸೊರಗೀಯಲ್ಲ ನೀಲಾ,” ಎಂದಳು. “ಕುಂದ್ರು, ಉಂಡು ಹೋಗು.”