ಒಂಟಿ ಚಪ್ಪಲಿ

ಆಟ ಮುಗಿದರೂ ಹೆಂಗಸರ ಕಡೆಯ ಬಾಗಿಲು ತೆರೆಯಲಿಲ್ಲ. ನಾಟಕ ಕಂಪನಿಯ ಮಾಲೀಕ ಕುಬೇರಪ್ಪ ತಾನೇ ಅಡ್ಡ ನಿಂತಿದ್ದ. ಒಂಟಿ ಚಪ್ಪಲಿಯಲ್ಲಿ ಹೊರಬೀಳುವವಳನ್ನು ಅವನು ಹಿಡಿಯಬೇಕಿತ್ತು.

ಇನ್ನೊಂದು ಚಪ್ಪಲಿ ಅವನ ಕೈಯಲ್ಲಿತ್ತು. ತೊಗಲಿನದು, ಹಿಮ್ಮಡ ಸವೆದದ್ದು, ಸಂತೆಯಲ್ಲಿ ನೂರು ಕಾಲುಗಳಲ್ಲಿ ಕಾಣುವಂಥದ್ದು. ಮೂರನೆಯ ಅಂಕದಲ್ಲಿ ಗೌಡ ಕುರುಡ ಮುದುಕನ ಕೋಲು ಕಸಿದು ಬೆನ್ನಿಗೆ ಒದ್ದಾಗ ಅದು ಹೆಂಗಸರ ಕಡೆಯಿಂದ ಹಾರಿ ಬಂದು ಗೌಡನ ಎದೆಗೆ ಬಡಿದಿತ್ತು. ಗೌಡ ಕದಲಲಿಲ್ಲ. ಅದನ್ನು ದಾಟಿ ಮುಂದಿನ ಮಾತು ಹೇಳಿದ.

ಗೌಡನಾಗಿದ್ದವನು ಸಂಗನಬಸವ. ಮೂವತ್ತು ವರ್ಷ ರಂಗದ ಮೇಲೆ ದುಡಿದವನು. ಹನ್ನೆರಡು ಸಿನಿಮಾಗಳಲ್ಲಿ ಪೋಸ್ಟ್‌ಮನ್, ಹೆಡ್‌ಮಾಸ್ತರ, ಹವಾಲ್ದಾರ ಆದವನು. ಈ ನಾಟಕದಲ್ಲಿ ಅವನ ಕಾಯಂ ಪಾತ್ರ ಕುರುಡ ಮುದುಕನದು. ಕಂಪನಿ ಈಗ ಬಿಡಾರ ಹೂಡಿದ್ದ ಸಂಶಿ ಊರಿನ ಗೋಡೆಗಳ ಮೇಲೂ ಆ ವೇಷದ ಚಿತ್ರವೇ ಇತ್ತು. ಆದರೆ ಆ ದಿನ ಬೆಳಗ್ಗೆ ಗೌಡನ ಪಾತ್ರದ ಯಲ್ಲೇಶನ ಗಂಟಲು ಕಟ್ಟಿತು. ಗರ್ಜಿಸುವುದು ಆಗದು, ನರಳುವುದು ಆದೀತು. ಇಬ್ಬರೂ ಪಾತ್ರ ಬದಲಿಸಿಕೊಂಡರು. ಸಂಗನಬಸವ ತಲೆಗೆ ಪಟಗ ಸುತ್ತಿ, ಕಲ್ಲಿಮೀಸೆ ಅಂಟಿಸಿ, ಧ್ವನಿ ದಪ್ಪ ಮಾಡಿಕೊಂಡ.

ಇಂದು ಒಬ್ಬಳನ್ನು ಬಿಟ್ಟರೆ ನಾಳೆ ಕಲ್ಲು ಬೀಳುತ್ತವೆ, ಸಿಕ್ಕವಳನ್ನು ಪೊಲೀಸರಿಗೆ ಕೊಡುತ್ತೇನೆ ಎಂದು ಕುಬೇರಪ್ಪ ಕೂಗಿದ. ಒಳಗೆ ಗುಸುಗುಸು ಎದ್ದಿತು. ಆಮೇಲೆ ಉಳ್ಳಾಗಡ್ಡಿ ಮಾರುವ ಮಲಿಕಾಬಿ ತನ್ನ ಎರಡೂ ಚಪ್ಪಲಿ ಕಳಚಿ ಸೆರಗಿನೊಳಗೆ ಇಟ್ಟುಕೊಂಡಳು. ಅವಳ ಹಿಂದೆ ದುರ್ಗವ್ವ. ಅವಳ ಹಿಂದೆ ಇಡೀ ಸಾಲು. ಇನ್ನೂರು ಹೆಂಗಸರು ಬರಿಗಾಲಲ್ಲಿ ಬಾಗಿಲಿಗೆ ಬಂದು ನಿಂತರು.

“ಎಲ್ಲಾರೂ ಒಗದೇವಂತ ಬರಕೊಳ್ರಿ ಮಾಲಕರ,” ಎಂದಳು ಮಲಿಕಾಬಿ. “ಆ ಗೌಡ ನಾಳೆ ಒದ್ರ ನಾಳೆನೂ ಒಗೀತೀವಿ.”

ಪರದೆಯ ಹಿಂದಿನಿಂದ ಸಂಗನಬಸವ ಹೇಳಿಕಳಿಸಿದ: ಬಾಗಿಲು ತೆಗೆಯದಿದ್ದರೆ ತಾನು ನಾಳೆ ಬಣ್ಣ ಹಚ್ಚುವುದಿಲ್ಲ. ಕುಬೇರಪ್ಪ ಹಲ್ಲು ಕಚ್ಚಿ ದಾರಿ ಬಿಟ್ಟ. ಒಳಗೆ ಬಂದು, ಚಪ್ಪಲಿ ಏಟು ತಿಂದೂ ನಾಚಿಕೆ ಅನ್ನುವುದು ಇಲ್ಲವೇ ಎಂದು ಸಂಗನಬಸವನನ್ನು ಕೇಳಿದ.

“ಆಕಿ ಹೊಡದದ್ದು ಗೌಡಗ್ರಿ, ನನಗಲ್ಲ. ಆ ಚಪ್ಪಲಿ ಇಲ್ಲಿ ಕೊಡ್ರಿ.”

ಅದನ್ನು ಅವನು ಒಬ್ಬಳಿಗೆ ತೋರಿಸಬೇಕಿತ್ತು. ಅವನ ತಾಯಿ ರೇವವ್ವ ಅದೇ ಊರಿನಲ್ಲಿದ್ದಳು. ಒಂದು ದಿನವೂ ಲಿಂಗಪೂಜೆ ತಪ್ಪಿಸಿದವಳಲ್ಲ; ಮಗನ ಒಂದು ನಾಟಕಕ್ಕೂ ಕಾಲಿಟ್ಟವಳಲ್ಲ. ಟಿವಿಯಲ್ಲಿ ಅವನ ಸಿನಿಮಾ ಬಂದರೆ ಮಾತ್ರ, ಗಡ್ಡ ಹಚ್ಚಿರಲಿ, ಟೊಪ್ಪಿಗೆ ಹಾಕಿರಲಿ, ಥಟ್ಟನೆ ಬೆರಳು ಮಾಡಿ ನಗುವಳು. “ನೀ ಎಂಥಾ ನಟನೋ? ನಿಂತ ನಿಲುವಿಗೇ ಗುರ್ತ ಹತ್ತತೈತಿ. ಹಡದಾಕಿ ಕಣ್ಣ ಕಟ್ಟಾಕ ನಿನ್ನ ಕೈಲೆ ಆಗೂದಿಲ್ಲ.”

ಊರೂರು ಹೊದಿಸಿದ ಶಾಲುಗಳೆಲ್ಲ ಈ ಮಾತಿನ ಮುಂದೆ ಅವನಿಗೆ ಅರಿವೆಯ ತುಂಡು. ಅವಳ ಬಾಯಿಂದ ನಟನೆನ್ನಿಸಿಕೊಳ್ಳದೆ ಬಣ್ಣ ಬಿಡುವುದಿಲ್ಲವೆಂಬುದು ಅವನ ಹಟ.

ಮರುದಿನ ಬೆಳಗ್ಗೆ ಚಪ್ಪಲಿಯನ್ನು ಚೀಲದಲ್ಲಿಟ್ಟುಕೊಂಡು ಮನೆಗೆ ಹೋದ. ಗುರುತು ಪರಿಚಯವಿಲ್ಲದ ಹೆಂಗಸೊಬ್ಬಳು ಇದನ್ನು ಬೀಸಿದಳು, ಇನ್ನಾದರೂ ಒಪ್ಪುವೆಯಾ ಎಂದು ಕೇಳುವವನಿದ್ದ. ಬಾಗಿಲಲ್ಲಿ ಅವಳ ಚಪ್ಪಲಿ ಕಾಣಲಿಲ್ಲ. ಮಠಕ್ಕೆ ಹೋಗಿರಬೇಕೆಂದುಕೊಂಡ. ಆದರೆ ರೇವವ್ವ ಒಳಗೇ ಇದ್ದಳು, ಹಣೆಯ ಮೇಲೆ ವಿಭೂತಿ ಇನ್ನೂ ಹಸಿಯಾಗಿತ್ತು.

ಅವನಿಗೆ ಬಾಯಿ ತೆರೆಯಲು ಬಿಡಲಿಲ್ಲ. ಅಂಗಿ ಕಳಚಿಸಿದಳು. ಬೋರಲು ಮಲಗಿಸಿದಳು. ಕಾಯಿಸಿಟ್ಟ ಎಣ್ಣೆ ಸುರಿದು ಬೆನ್ನು ತಿಕ್ಕತೊಡಗಿದಳು.

“ಆ ಗೌಡ ಎಷ್ಟ ಜೋರ ಒದ್ದನಲ್ಲೋ ನಿನಗ. ನನ್ನ ಚಪ್ಪಲಿ ಹೋದ್ರ ಹೋತು, ಅವನ ಎದಿಗೆ ಸರಿಯಾಗಿ ಬಿಗದೇನಿ.”