ಕಟ್ಟಿ ತಂದ ಹೆಂಡತಿ

ಟೋರ್ಕೆಲ್ ಹೆಂಡತಿಯ ಕೈಗಳನ್ನು ಗಾಡಿಯ ಹಲಗೆಗೆ ಬಿಗಿದು ಕಟ್ಟಿದ. ಬೆರಿತ್ ಕೊಸರಾಡಲಿಲ್ಲ. ಹಗ್ಗ ಚರ್ಮಕ್ಕೆ ಕಚ್ಚಿದಾಗಲೂ ಮುಖ ಕಿವುಚಲಿಲ್ಲ. ಅಮೆರಿಕದ ಡಕೋಟಾ ಬಯಲಿನ ಗಾಳಿ ಅವಳ ಕೂದಲು ಕೆದರುತ್ತಿತ್ತು. ಅವಳು ಎತ್ತಲೋ ನೋಡುತ್ತ ಕುಳಿತಿದ್ದಳು.

"ಇಷ್ಟು ಬಿಗಿ ಬೇಕಾ ಯಜಮಾನ್ರೇ?" ಎಂದಳು ಕೆಲಸದ ಹುಡುಗಿ ಸಿಗ್ನೆ.

"ಹುಚ್ಚು ಹಿಡಿದವರನ್ನ ನಂಬೋಕಾಗಲ್ಲ. ನೀನು ಮುಂದೆ ಬಂದು ಕೂತ್ಕೋ. ಡಾಕ್ಟರ ಮುಂದೆ ಏನು ಹೇಳ್ಬೇಕು ಗೊತ್ತಲ್ಲ?"

"ಎಲ್ಲರೂ ನಂಬೋ ಹಾಗೆ ಹೇಳ್ತೀನಿ, ಬಿಡಿ."

ಟೋರ್ಕೆಲ್‌ಗೆ ಸಮಾಧಾನವಾಯಿತು. ಕುದುರೆಗಳನ್ನು ಪಟ್ಟಣದ ದಾರಿಗೆ ತಿರುಗಿಸಿದ.

ಎರಡು ಚಳಿಗಾಲಗಳ ಹಿಂದೆ ಮಗುವಿಗೆ ಗಂಟಲು ಕಟ್ಟಿ ಉಸಿರಾಡುವುದೇ ಕಷ್ಟವಾಗಿತ್ತು. ಹೊರಗೆ ಹಿಮ ಸುರಿಯುತ್ತಿತ್ತು. ಗಾಡಿ ಹೂಡಿ, ಡಾಕ್ಟರನ್ನು ಕರೆತನ್ನಿ ಎಂದು ಬೆರಿತ್ ಅವನ ಕಾಲು ಹಿಡಿದಳು. "ಮಗು ಇನ್ನೊಂದು ಹುಟ್ಟುತ್ತೆ. ಕುದುರೆ ಸತ್ರೆ ಉಳೋದು ಹೇಗೆ?" ಎಂದಿದ್ದ. ತಪ್ಪೇನಿತ್ತು ಅದರಲ್ಲಿ? ಅವಳು ಮಗುವನ್ನು ಶಾಲಿನಲ್ಲಿ ಸುತ್ತಿಕೊಂಡು ನಡೆದೇ ಹೊರಟಳು. ಅರ್ಧ ದಾರಿಯಲ್ಲಿ ಮಗು ಸುಮ್ಮನಾಯಿತು. ಅದನ್ನು ಎತ್ತಿಕೊಂಡೇ ಹಿಂದಿರುಗಿದಳು. ಆವತ್ತಿನಿಂದ ಅವಳ ಬಾಯಿಂದ ಒಂದು ಮಾತೂ ಹೊರಟಿರಲಿಲ್ಲ.

ಮಾತಾಡದ ಹೆಂಡತಿಯನ್ನು ಸಹಿಸಬಹುದಿತ್ತು. ರೊಟ್ಟಿ ಸುಡುತ್ತಿದ್ದಳು, ಬಟ್ಟೆ ಒಗೆಯುತ್ತಿದ್ದಳು, ಏಟು ಬಿದ್ದರೂ ಸದ್ದು ಮಾಡುತ್ತಿರಲಿಲ್ಲ. ಅವನಿಗೆ ಸಹಿಸಲಾಗದ್ದು ಆ ಅಳು.

ಹೊತ್ತು ಮುಳುಗುವಾಗ ಅದು ಶುರುವಾಗುತ್ತಿತ್ತು. ಹುಲ್ಲು ಸಮೇತ ಕಿತ್ತ ಮಣ್ಣಿನ ಹೆಂಟೆ ಪೇರಿಸಿ ಕಟ್ಟಿದ ಮನೆಯ ಗೋಡೆಯಾಚೆ ಎಳೆಯ ಮಗುವೊಂದು ಗಂಟಲು ಕಟ್ಟಿಕೊಂಡು ಅಳುವ ಸದ್ದು. ಅವನ ಮಗುವಿನ ಸದ್ದು. ಆ ಹೊತ್ತಿಗೆ ಬೆರಿತ್ ಅವನೆದುರೇ ತುಟಿ ಮುಚ್ಚಿ ಕುಳಿತಿರುತ್ತಿದ್ದಳು. ಅವನು ಹೊರಗೆ ಓಡಿದರೆ ಅಲ್ಲಿ ಯಾರೂ ಇಲ್ಲ. ಕೊಟ್ಟಿಗೆಯಿಂದ ಹಾಲಿನ ಪಾತ್ರೆ ಹಿಡಿದು ಸಿಗ್ನೆ ಬರುತ್ತಿರುತ್ತಿದ್ದಳು, ಅಷ್ಟೇ.

"ನಿಂಗೂ ಕೇಳಿಸ್ತಾ?"

"ಕೇಳಿಸ್ದೆ ಇರುತ್ತಾ? ಅಮ್ಮಾವ್ರೇ ಏನೋ ಮಾಟ ಮಾಡ್ತಿದಾರೆ. ಅಕ್ಕಪಕ್ಕದವರಿಗೆಲ್ಲ ಹೇಳಿ ಯಜಮಾನ್ರೇ. ಪಾದ್ರಿಗಳಿಗೂ ಹೇಳಿ."

ಹೇಳಿದ. ಸಿಕ್ಕವರಿಗೆಲ್ಲ ಹೇಳಿದ. ಅವರು ಬಂದು ಕುಳಿತ ಸಂಜೆಗಳಲ್ಲಿ ಗಾಳಿಯ ಸದ್ದು ಬಿಟ್ಟು ಬೇರೇನೂ ಕೇಳಿಸಲಿಲ್ಲ. ಬೆರಿತ್ ಬಂದವರಿಗೆ ಕಾಫಿ ಕೊಟ್ಟಳು.

"ಮಗು ಸತ್ತಿದ್ದನ್ನ ನೀವು ಸರಿಯಾಗಿ ನೋಡಿದ್ರಾ?" ಎಂದು ಸಿಗ್ನೆ ಒಮ್ಮೆ ಕೇಳಿದಳು. ಆ ಮಾತು ಹುಳದಂತೆ ಅವನ ತಲೆ ಹೊಕ್ಕಿತು. ಮರುದಿನ ಗುದ್ದಲಿ ಹಿಡಿದು ಸಮಾಧಿಯ ಬಳಿ ಹೋದ. ಎರಡು ಏಟು ಹಾಕುವಷ್ಟರಲ್ಲಿ ಪಕ್ಕದ ಹೊಲದ ಯೋರ್ಗೆನ್ ಓಡಿಬಂದು ಅವನ ರಟ್ಟೆ ಹಿಡಿದ. ಯೋರ್ಗೆನ್‌ನನ್ನು ಕರೆತಂದವಳು ಸಿಗ್ನೆಯೇ. ಹುಡುಗಿ ಹೆದರಿದ್ದಳು, ಪಾಪ.

ಇವತ್ತಿಗೆ ಎಲ್ಲ ಮುಗಿಯುತ್ತದೆ. ಬೆರಿತ್ ಹುಚ್ಚಾಸ್ಪತ್ರೆಗೆ, ಆಮೇಲೆ ಸಿಗ್ನೆ ಮನೆಯೊಡತಿ. ಅವಳಿಗೂ ಇದನ್ನು ಹೇಳಿಯಾಗಿತ್ತು. ಅವಳು ಇಲ್ಲವೆಂದಿರಲಿಲ್ಲ. ಟೋರ್ಕೆಲ್ ಅವಳ ಗಟ್ಟಿ ತೋಳುಗಳನ್ನು ಓರೆಗಣ್ಣಿನಲ್ಲಿ ನೋಡಿದ. ಐದಾರು ಹೆರುವ ಮೈಕಟ್ಟು.

ಪಟ್ಟಣದ ಕಚೇರಿಯಲ್ಲಿ ಡಾಕ್ಟರು, ನ್ಯಾಯಾಧೀಶರು ಮತ್ತು ಹೇಳಿಕೆ ಬರೆದುಕೊಳ್ಳುವ ಗುಮಾಸ್ತ ಕಾದಿದ್ದರು. ಗೋಡೆಯ ಬಳಿ ಸಾಕ್ಷಿಗೆ ಬಂದ ಯೋರ್ಗೆನ್, ಆಸ್ಪತ್ರೆಯ ಇಬ್ಬರು ದಾಂಡಿಗ ಆಳುಗಳು. ಟೋರ್ಕೆಲ್ ಗಾಡಿಯಿಂದ ಬಿಡಿಸಿದ ಬೆರಿತ್‌ಳನ್ನು ಕೈ ಕಟ್ಟಿದಂತೆಯೇ ಒಳಗೆ ತಂದು ನಿಲ್ಲಿಸಿ, ಒಂದೇ ಉಸಿರಿಗೆ ಎಲ್ಲ ಹೇಳಿದ.

"ಸತ್ತ ಮಗು ಅಳುತ್ತೆ ಸ್ವಾಮಿ. ಇವಳೇ ಅಳಿಸೋದು."

"ಇವರ ಬಾಯಿಂದ ಬರುತ್ತಾ ಆ ಸದ್ದು?" ಡಾಕ್ಟರು ಕೇಳಿದರು.

"ಇಲ್ಲ, ಇವಳ ಬಾಯಿ ಮುಚ್ಚಿರುತ್ತೆ. ಗೋಡೆಯಾಚೆಯಿಂದ ಬರುತ್ತೆ."

ಡಾಕ್ಟರು ಕನ್ನಡಕ ತೆಗೆದು ಮೆಲ್ಲಗೆ ಒರೆಸಿದರು. "ಬೇರೆ ಯಾರಿಗಾದ್ರೂ ಕೇಳಿಸಿದೆಯಾ?"

"ಈ ಹುಡುಗೀಗೆ ಕೇಳಿಸಿದೆ. ಕೇಳಿ ನೋಡಿ!"

ಸಿಗ್ನೆಯ ಕಣ್ಣು ತುಂಬಿ ಬಂತು. "ನಂಗೆ ಯಾವತ್ತೂ ಏನೂ ಕೇಳಿಸಿಲ್ಲ ಸ್ವಾಮಿ. ಇಲ್ಲ ಅಂದ್ರೆ ಹೊಡೀತಾರೆ ಅಂತ ಹೂಂ ಅಂತಿದ್ದೆ."

ಯೋರ್ಗೆನ್ ಗಂಟಲು ಸರಿಪಡಿಸಿಕೊಂಡು ಸಮಾಧಿ ಅಗೆದ ಕಥೆ ಹೇಳಿದ.

"ಸುಳ್ಳಿ! ರಂಡೆ!" ಟೋರ್ಕೆಲ್ ಸಿಗ್ನೆಯ ಕುತ್ತಿಗೆಗೆ ಕೈ ಹಾಕಿದ. ಆಳುಗಳು ಅವನನ್ನು ನೆಲಕ್ಕೆ ಕೆಡವಿ ಒತ್ತಿ ಹಿಡಿದರು. ಅವನು ಕೂಗಾಡಿದಷ್ಟೂ ಗುಮಾಸ್ತನ ಲೇಖನಿ ವೇಗವಾಗಿ ಓಡಿತು.

ಡಾಕ್ಟರೇ ಎದ್ದು ಬಂದು ಬೆರಿತ್‌ಳ ಹಗ್ಗ ಬಿಚ್ಚಿದರು. ಕೆಂಪಗೆ ಕಂದಿದ ಕೈಗಳನ್ನು ನೋಡಿ, "ನೀವು ಏನಾದ್ರೂ ಹೇಳ್ತೀರಾಮ್ಮಾ?" ಎಂದರು.

ಬೆರಿತ್ ತುಟಿ ತೆರೆದಳು. ದನಿ ನಡುಗಲಿಲ್ಲ.

"ಅವರನ್ನ ಹೊಡೀಬೇಡಿ ಸ್ವಾಮಿ. ಮಗು ಹೋದ ದುಃಖಾನ ತಡ್ಕೊಳ್ಳೋಕಾಗ್ಲಿಲ್ಲ ಅವರಿಗೆ. ಹುಷಾರಾಗೋ ತನಕ ಇಟ್ಕೊಳ್ಳಿ. ಎಷ್ಟು ವರ್ಷ ಆದ್ರೂ ಪರವಾಗಿಲ್ಲ."

ನೆಲಕ್ಕೆ ಕೆನ್ನೆಯೊತ್ತಿ ಬಿದ್ದಿದ್ದ ಟೋರ್ಕೆಲ್ ಕಣ್ಣು ಮೇಲೆತ್ತಿದ. ಬೆರಿತ್ ಅವನನ್ನೇ ನೋಡುತ್ತಿದ್ದಳು, ಕಣ್ಣು ಮಿಟುಕಿಸದೆ. ಅವನು ಊಳಿಟ್ಟ. ಕಬ್ಬಿಣದ ಸರಳಿನ ಗಾಡಿಗೆ ತಳ್ಳುವಾಗಲೂ ಊಳಿಡುತ್ತಲೇ ಇದ್ದ.

ಹಿಂದಿರುಗುವಾಗ ಕುದುರೆಗಳ ಲಗಾಮು ಬೆರಿತ್‌ಳ ಕೈಯಲ್ಲಿತ್ತು. ಗಾಡಿ ಪಟ್ಟಣದ ಕೊನೆಯ ಮನೆ ದಾಟಿತು.

"ಇನ್ನು ನಾಲ್ಕು ವರ್ಷಕ್ಕೆ ಅದೇ ಹಗ್ಗದಲ್ಲಿ ನನ್ನನ್ನ ಕಟ್ಟಿ ತರ್ತಿದ್ದ ಅಕ್ಕಾ," ಎಂದಳು ಸಿಗ್ನೆ.

"ಕೊಟ್ಟಿಗೇಲಿ ನೀನು ಅತ್ತಾಗೆಲ್ಲ ನಂಗೇ ಎದ್ದು ಓಡೋ ಹಾಗಾಗ್ತಿತ್ತು ಕಣೇ," ಎಂದಳು ಬೆರಿತ್, "ಹಾಗೆ ಅಳೋದನ್ನ ಹೇಳಿಕೊಟ್ಟಿದ್ದು ನಾನೇ ಆದ್ರೂ."